ಪರ–ವಿರೋಧ: ಮಂಗೋಲಿಯಾದ ದನಗಾಹಿಗಳನ್ನು ಸಿನಿಮಾ ಸರಿಯಾಗಿ ಕಂಡಿದೆಯೇ?

ಪರ: ಕೆಲಸವನ್ನು ಕಂಡ ಕಣ್ಣು

ಮಂಗೋಲಿಯಾದ ಗೋಬಿ ಮರುಭೂಮಿಯಲ್ಲಿ ವಸಂತ ಬಂದಿತೆಂದರೆ ಮರಳುಗಾಳಿ ಏಳುತ್ತದೆ, ಒಂಟೆಗಳು ಈಯುತ್ತವೆ, ಗೆರ್ ಎಂಬ ಉಣ್ಣೆಗುಡಾರದೊಳಗೆ ಯಾರಿಗೂ ಪೂರ್ತಿ ನಿದ್ದೆ ಸಿಗುವುದಿಲ್ಲ. 2003ರಲ್ಲಿ ತೆರೆಗೆ ಬಂದ ‘ದ ಸ್ಟೋರಿ ಆಫ್ ದ ವೀಪಿಂಗ್ ಕ್ಯಾಮಲ್’ ಅಂಥ ಒಂದು ವಸಂತದ ಚಿತ್ರ. ಹೆಣ್ಣೊಂಟೆಯೊಂದು ಬಹಳ ಹೊತ್ತು ಒದ್ದಾಡಿ, ಮನೆಯವರು ಕೈಹಾಕಿ ಎಳೆದ ಮೇಲೆ, ಬಿಳಿಯ ಮರಿಯೊಂದನ್ನು ಈಯುತ್ತದೆ. ಈದ ಮೇಲೆ ಅದನ್ನು ಹತ್ತಿರ ಸೇರಿಸುವುದಿಲ್ಲ. ಕೆಚ್ಚಲಿಗೆ ಬಾಯಿ ಹಾಕಲು ಬಂದರೆ ದೂರ ಸರಿಯುತ್ತದೆ. ಮನೆಯ ಇಬ್ಬರು ಹುಡುಗರು ಒಂಟೆಯೇರಿ ದೂರದ ಊರಿಗೆ ಹೋಗಿ ಸಂಗೀತಗಾರನಿಗೆ ಹೇಳಿ ಬರುತ್ತಾರೆ. ಅವನು ಬಂದು, ಕುದುರೆತಲೆಯ ಎರಡು ತಂತಿಯ ವಾದ್ಯವಾದ ಮೊರಿನ್ ಖೂರನ್ನು ಮೊದಲು ತಾಯೊಂಟೆಯ ಡುಬ್ಬಕ್ಕೆ ತೂಗುಹಾಕುತ್ತಾನೆ. ಗಾಳಿ ತಾನಾಗಿಯೇ ತಂತಿಗಳನ್ನು ಮಿಡಿಯುತ್ತದೆ. ಆಮೇಲೆ ಅವನು ಕಮಾನು ಎಳೆಯುತ್ತಾನೆ, ಮನೆಯ ಹೆಣ್ಣುಮಗಳು ಒಂಟೆಯ ಮೈ ನೇವರಿಸುತ್ತ ಒಂದೇ ಸೊಲ್ಲನ್ನು ಮತ್ತೆ ಮತ್ತೆ ಹಾಡುತ್ತಾಳೆ. ಹಾಡು ಮುಗಿಯುವ ಹೊತ್ತಿಗೆ ತಾಯಿಯ ಕಣ್ಣಲ್ಲಿ ನೀರು ಇಳಿಯುತ್ತದೆ, ಮರಿ ಮೊಲೆಗೆ ಸೇರುತ್ತದೆ.

ಈ ಚಿತ್ರವೂ ಇದರ ಬಳಿಕ ಬಂದ ಕೆಲವು ಚಿತ್ರಗಳೂ ಮಂಗೋಲಿಯಾದ ಅಲೆಮಾರಿ ದನಗಾಹಿಗಳನ್ನು ಸರಿಯಾಗಿ ಕಂಡಿವೆ ಎಂಬುದು ನನ್ನ ದೃಢವಾದ ನಂಬಿಕೆ. ಅದಕ್ಕೆ ನಾನು ಕೊಡುವ ಕಾರಣ ಒಂದೇ: ಅವು ಕೆಲಸವನ್ನು ತೋರಿಸುತ್ತವೆ, ಕೆಲಸಕ್ಕೆ ಬೇಕಾದಷ್ಟು ಹೊತ್ತು ತೋರಿಸುತ್ತವೆ. ಪ್ರಾಣಿಗಳ ಜೊತೆ ಬದುಕುವವರ ದಿನದಲ್ಲಿ ಮಾತು ಕಡಿಮೆ, ಕೈಕೆಲಸ ಹೆಚ್ಚು. ಹಾಲು ಕರೆಯುವುದು, ಹಗ್ಗ ಹೊಸೆಯುವುದು, ಒಲೆಗೆ ಒಣಸಗಣಿ ಆರಿಸುವುದು, ಹುಟ್ಟಿದ ಮರಿಯನ್ನು ಗಾಳಿಗೆ ಮರೆಮಾಡಿ ಒಳಗೆ ಹೊರುವುದು. ಇವುಗಳಲ್ಲಿ ಯಾವುದನ್ನೂ ಅವಸರದಲ್ಲಿ ಮಾಡಲು ಬರುವುದಿಲ್ಲ, ಅವಸರದಲ್ಲಿ ತೋರಿಸಲೂ ಬರುವುದಿಲ್ಲ. ಉಲಾನ್‌ಬಾತರ್‌ನಲ್ಲಿ 1971ರಲ್ಲಿ ಹುಟ್ಟಿದ ಬ್ಯಾಂಬಸುರೆನ್ ದವಾ ಮತ್ತು ಇಟಲಿಯ ಲುಯಿಜಿ ಫಲೋರ್ನಿ ಇದನ್ನು ಮ್ಯೂನಿಕ್ ಚಲನಚಿತ್ರ ಶಾಲೆಯ ವಿದ್ಯಾರ್ಥಿಗಳಾಗಿದ್ದಾಗ ತಮ್ಮ ಪದವಿಗಾಗಿ ಮಾಡಿದರು. ಅದು ಸಾಕ್ಷ್ಯಚಿತ್ರ ವಿಭಾಗದಲ್ಲಿ ಆಸ್ಕರ್‌ಗೆ ನಾಮನಿರ್ದೇಶನವಾಯಿತು. ಆದರೆ ನನಗೆ ಮುಖ್ಯವೆನಿಸುವುದು ಪ್ರಶಸ್ತಿಯಲ್ಲ. ಒಂಟೆ ನೋವು ತಿನ್ನುತ್ತಿರುವಾಗ ಅವರು ಕ್ಯಾಮೆರಾ ನಿಲ್ಲಿಸಲಿಲ್ಲ, ಅದರ ಮೇಲೆ ಸಂಗೀತ ಸುರಿಯಲೂ ಇಲ್ಲ. ಮನೆಯವರು ಕಾದಷ್ಟು ಹೊತ್ತು ತಾವೂ ಕಾದರು.

ನಾನು ಹುಟ್ಟಿದ್ದು ಕುರಿಗಾಹಿಗಳ ಮನೆಯಲ್ಲಿ. ನಮ್ಮೂರು ಬಾಗಲಕೋಟೆ ಜಿಲ್ಲೆಯ ಒಣಸೀಮೆ. ಸುಗ್ಗಿ ಮುಗಿದು ಅಡವಿಯಲ್ಲಿ ಹುಲ್ಲು ತೀರಿದ ಮೇಲೆ ನಮ್ಮ ಅಜ್ಜ, ದೊಡ್ಡಪ್ಪಂದಿರು ಕುರಿಮಂದೆ ಹೊಡೆದುಕೊಂಡು ತುಂಗಭದ್ರಾ ಕಾಲುವೆಯ ಕೆಳಗಿನ ಗದ್ದೆಗಳ ಕಡೆಗೆ ಹೋಗುತ್ತಿದ್ದರು. ಕೊಯ್ಲಾದ ಹೊಲದಲ್ಲಿ ರಾತ್ರಿ ಕುರಿ ಕೂರಿಸಿದರೆ ಹಿಕ್ಕೆಯ ಗೊಬ್ಬರಕ್ಕಾಗಿ ರೈತರು ಕಾಳು ಕೊಡುತ್ತಿದ್ದರು, ಕೆಲವರು ಹಣವನ್ನೂ ಕೊಡುತ್ತಿದ್ದರು. ಅಜ್ಜಿ ಕುದುರೆಯ ಮೇಲೆ ಪಾತ್ರೆ, ಕಂಬಳಿ, ಕುರಿಬಲೆ, ನಡೆಯಲಾರದ ಮರಿಗಳನ್ನು ಹೇರಿಕೊಂಡು ಹಿಂದೆ ನಡೆಯುತ್ತಿದ್ದಳು. ಶಾಲೆಗೆ ರಜೆ ಇದ್ದಾಗ ನಾನೂ ಜೊತೆಗೆ ಹೋಗಿದ್ದೇನೆ.

ನನಗೆ ಎಂಟೋ ಒಂಬತ್ತೋ ವರ್ಷ. ಒಂದು ಬೆಳಗಿನ ಜಾವ ಬಿಡಾರದ ಹತ್ತಿರ ಎರಡು ಕುರಿ ಈದಿದ್ದವು. ಒಂದು ಕುರಿ ಮರಿ ಹಾಕಿ ಸತ್ತಿತ್ತು, ಮರಿ ಬದುಕಿತ್ತು. ಇನ್ನೊಂದು ಕುರಿ ಬದುಕಿತ್ತು, ಅದರ ಮರಿ ಸತ್ತಿತ್ತು. ಅಜ್ಜಿ ತಬ್ಬಲಿ ಮರಿಯನ್ನು ಒಯ್ದು ಆ ಕುರಿಯ ಮುಂದೆ ಬಿಟ್ಟಳು. ಕುರಿ ಒಮ್ಮೆ ಮೂಸಿ ತಲೆಯಿಂದ ಹಾಯ್ದು ಕೆಡವಿತು. ಮತ್ತೆ ಬಿಟ್ಟರೂ ಅದೇ ಆಯಿತು. ಆಗ ದೊಡ್ಡಪ್ಪ ಸತ್ತ ಮರಿಯ ತೊಗಲು ಸುಲಿದ. ಅಜ್ಜಿ ಆ ಹಸಿ ತೊಗಲನ್ನು ತಬ್ಬಲಿ ಮರಿಗೆ ಅಂಗಿಯಂತೆ ತೊಡಿಸಿ, ಕಾಲಿನ ಹತ್ತಿರ ದಾರದಿಂದ ಕಟ್ಟಿ, ಕುರಿಯನ್ನು ತೊಡೆಸಂದಿಯಲ್ಲಿ ಹಿಡಿದು ಕೂತಳು. ಕೈ ಕುರಿಯ ಗದ್ದದ ಕೆಳಗೆ ಆಡುತ್ತಿತ್ತು, ಬಾಯಲ್ಲಿ ಏನೋ ಗುನುಗು. ಅದು ಹಾಡೆಂದರೆ ಹಾಡಲ್ಲ. ಕುರಿ ಕರೆಯುವ ಸೊಲ್ಲನ್ನೇ ಮೆಲ್ಲಗೆ, ಉದ್ದಕ್ಕೆ ಎಳೆಯುವುದು. ಬಿಸಿಲು ಏರುವ ತನಕ ಕೂತೇ ಇದ್ದಳು. ನನಗೆ ಹಸಿವಾಗಿತ್ತು, ರೊಟ್ಟಿ ಕೇಳಿದರೆ ತಲೆ ಎತ್ತಲೂ ಇಲ್ಲ. ಕೊನೆಗೆ ಕುರಿ ಮರಿಯ ಬಾಲದ ಬುಡವನ್ನು ಮೂಸಿ, ಒಂದು ಸಣ್ಣ ದನಿ ಮಾಡಿ, ಹಾಲು ತೊರೆಬಿಟ್ಟಿತು. ಮರಿಯ ಬಾಲ ಪಟಪಟನೆ ಆಡಿತು. ಅಜ್ಜಿ ಎದ್ದು ಕೈ ತೊಳೆದುಕೊಂಡು ಒಲೆ ಹಚ್ಚಿದಳು. ಅದರ ಬಗ್ಗೆ ಅವಳು ಒಂದು ಮಾತನ್ನೂ ಆಡಲಿಲ್ಲ, ಆಡುವಂಥದ್ದೇನೂ ಅವಳಿಗೆ ಅದರಲ್ಲಿ ಇರಲಿಲ್ಲ.

ಅಜ್ಜಿ ತೀರಿಕೊಂಡು ಬಹಳ ವರ್ಷಗಳಾದವು. ನಮ್ಮ ಮನೆಯಲ್ಲಿ ಈಗ ಕುರಿಗಳಿಲ್ಲ. ಉಣ್ಣೆ ಕತ್ತರಿಸುವ ಕೂಲಿಯೂ ಉಣ್ಣೆಯ ಬೆಲೆಯಲ್ಲಿ ಹುಟ್ಟದಂತಾದಾಗ ದೊಡ್ಡಪ್ಪ ಮಂದೆಯನ್ನು ಮಾರಿದ. ಅಜ್ಜಿಯ ಒಂದೇ ಒಂದು ಚಿತ್ರ ನಮ್ಮಲ್ಲಿದೆ, ಅದೂ ಯಾರದೋ ಮದುವೆಯಲ್ಲಿ ಸಾಲಾಗಿ ನಿಲ್ಲಿಸಿ ತೆಗೆದದ್ದು. ಅದರಲ್ಲಿ ಅವಳ ಕೈಗಳು ಸೆರಗಿನೊಳಗಿವೆ. ಆ ಗುನುಗು ಯಾವ ಕ್ಯಾಮೆರಾದಲ್ಲೂ ಇಲ್ಲ. ನನಗೆ ಅದನ್ನು ಅನುಕರಿಸಲು ಬರುವುದಿಲ್ಲ, ಪ್ರಯತ್ನಿಸಿದ್ದೇನೆ. ಬೆಂಗಳೂರಿನಲ್ಲಿ ಮೊದಲ ಬಾರಿಗೆ ಆ ಒಂಟೆಯ ಚಿತ್ರವನ್ನು ನೋಡುತ್ತ ಕೂತಾಗ ಗೋಬಿಯ ಹೆಣ್ಣುಮಗಳೊಬ್ಬಳ ಕೈ ಒಂಟೆಯ ಕುತ್ತಿಗೆಯ ಮೇಲೆ ಆಡುವುದನ್ನು ಕಂಡು ನನಗೆ ಉಸಿರು ಕಟ್ಟಿತು. ಅವಳ ಕೈ ನಮ್ಮ ಅಜ್ಜಿಯ ಕೈಯಂತೆಯೇ ಆಡುತ್ತಿತ್ತು. ಆ ಕೈ ಈಗ ಉಳಿದಿದೆ. ಅವಳ ಮೊಮ್ಮಕ್ಕಳು, ತಾವು ಬೇಕೆಂದಾಗ, ಅದನ್ನು ನೋಡಬಲ್ಲರು. ಒಂಟೆಯನ್ನು ಒಲಿಸುವ ಆ ಆಚರಣೆಯನ್ನು 2015ರಲ್ಲಿ ಯುನೆಸ್ಕೊ ತುರ್ತಾಗಿ ಕಾಪಾಡಬೇಕಾದ ಪರಂಪರೆಗಳ ಪಟ್ಟಿಗೆ ಸೇರಿಸಿತು. ಸಿನಿಮಾ ಅದಕ್ಕೆ ಹನ್ನೆರಡು ವರ್ಷ ಮೊದಲೇ ಅದರ ಬಳಿ ಹೋಗಿ ಕೂತಿತ್ತು.

ಈ ಚಿತ್ರಗಳು ಬದಲಾವಣೆಯನ್ನು ಮುಚ್ಚಿಡುತ್ತವೆ, ಕಾಲ ನಿಂತುಹೋದಂತೆ ತೋರಿಸುತ್ತವೆ ಎಂದು ಹೇಳುವವರು ಚಿತ್ರಗಳನ್ನು ಕೊನೆಯವರೆಗೆ ನೋಡಿದ್ದಾರೆಂದು ನನಗೆ ಅನಿಸುವುದಿಲ್ಲ. ಸಂಗೀತಗಾರನನ್ನು ಕರೆಯಲು ಹೋದ ಚಿಕ್ಕ ಹುಡುಗ ಆ ಊರಿನಲ್ಲಿ ಟಿವಿ ಕಂಡು ಅಲ್ಲಿಂದ ಕದಲುವುದಿಲ್ಲ. ಚಿತ್ರ ಮುಗಿಯುವ ಹೊತ್ತಿಗೆ ಅವನ ಗೆರ್‌ಗೂ ಟಿವಿ ಬಂದಿರುತ್ತದೆ. ದವಾ ಅವರ 2005ರ ‘ದ ಕೇವ್ ಆಫ್ ದ ಯೆಲ್ಲೋ ಡಾಗ್’ ಇನ್ನೂ ಸೂಕ್ಷ್ಮವಾದ ಚಿತ್ರ. ಶಾಲೆಯಿಂದ ರಜೆಗೆ ಮನೆಗೆ ಬಂದ ಪುಟ್ಟ ಹುಡುಗಿ ಸಗಣಿ ಆರಿಸಲು ಹೋದಾಗ ಗವಿಯೊಂದರಲ್ಲಿ ನಾಯಿಮರಿ ಸಿಗುತ್ತದೆ. ತಂದೆ ಅದನ್ನು ಇಟ್ಟುಕೊಳ್ಳಬಾರದೆನ್ನುತ್ತಾನೆ. ಅವನ ಭಯಕ್ಕೆ ಕಾರಣವಿದೆ: ದನಗಾಹಿ ಕುಟುಂಬಗಳು ಪಟ್ಟಣ ಸೇರುವಾಗ ನಾಯಿಗಳನ್ನು ಬಯಲಲ್ಲೇ ಬಿಟ್ಟು ಹೋಗುತ್ತವೆ, ಬಿಟ್ಟ ನಾಯಿಗಳು ತೋಳಗಳ ಜೊತೆ ಸೇರುತ್ತವೆ, ಅಂಥ ನಾಯಿ ಮನೆಗೆ ಬಂದರೆ ತೋಳಗಳು ಅದರ ಜಾಡು ಹಿಡಿದು ಕುರಿಗಳ ತನಕ ಬರಬಹುದು. ವಲಸೆಯ ಬಗ್ಗೆ ಒಂದು ವರದಿ ಬರೆಯಬೇಕಾದವರು ಹಲವು ಪುಟ ಬರೆದಾರು. ಇಲ್ಲಿ ಒಂದು ನಾಯಿಮರಿಯ ಮೇಲೆ ತಂದೆಗಿರುವ ಅನುಮಾನದಲ್ಲಿ ಅಷ್ಟೂ ಇದೆ. ಪಟ್ಟಣಕ್ಕೆ ಹೋದ ತಂದೆ ಹಸಿರು ಪ್ಲಾಸ್ಟಿಕ್ ಸೌಟು ತರುತ್ತಾನೆ, ಅದು ಬಿಸಿ ಪಾತ್ರೆಯಲ್ಲಿ ಕರಗಿ ಸೊಟ್ಟಗಾಗುತ್ತದೆ. ಕೊನೆಯಲ್ಲಿ ಕುಟುಂಬ ಗೆರ್ ಬಿಚ್ಚಿ, ಮರದ ಜಾಲರಿಯ ಗೋಡೆಗಳನ್ನು ಮಡಿಸಿ, ಗಾಡಿಗಳಿಗೆ ಹೇರಿ ಹೊರಟಾಗ, ಎದುರಿನಿಂದ ಚುನಾವಣೆಯ ಧ್ವನಿವರ್ಧಕದ ವಾಹನವೊಂದು ಮತ ಹಾಕಿರೆಂದು ಕೂಗುತ್ತ ಹಾದುಹೋಗುತ್ತದೆ. ಅದರಲ್ಲಿ ಕಾಲ ಎಲ್ಲಿ ನಿಂತಿದೆ?

ಗೆರ್ ಬಿಚ್ಚುವ ಆ ಭಾಗವನ್ನು ನಾನು ಎಷ್ಟು ಸಲ ನೋಡಿದ್ದೇನೋ ಲೆಕ್ಕವಿಲ್ಲ. ಯಾವ ಹಗ್ಗ ಮೊದಲು, ಯಾವ ಉಣ್ಣೆಹಾಸು ಆಮೇಲೆ, ತುದಿಯ ಹೊಗೆಗಿಂಡಿಯ ಚಕ್ರ ಯಾವಾಗ ಇಳಿಯಬೇಕು, ಮಕ್ಕಳು ಯಾವ ಸಾಮಾನು ಹಿಡಿಯಬೇಕು ಎಂಬುದನ್ನೆಲ್ಲ ನೋಡುತ್ತಲೇ ಕಲಿಯಬಹುದು. ಬಿಡಾರ ಕಿತ್ತ ಅನುಭವವುಳ್ಳವರಿಗೆ ಅದು ಎಷ್ಟು ನಿಜವೆಂದು ಗೊತ್ತಾಗುತ್ತದೆ. ಕೆಲಸ ನಿಜವಾದರೆ ಉಳಿದದ್ದೂ ನಿಜವಾಗುತ್ತದೆ.

ಇನ್ನು 2020ರ ‘ವೇನ್ಸ್ ಆಫ್ ದ ವರ್ಲ್ಡ್’ ಚಿತ್ರಕ್ಕೆ ಬಂದರೆ, ಅದರ ತುಂಬ ಬದಲಾವಣೆಯೇ ಇದೆ. ಚಿನ್ನದ ಗಣಿ ಕಂಪನಿಗಳು ಹುಲ್ಲುಗಾವಲನ್ನು ಅಗೆಯುತ್ತಿವೆ. ಆಮ್ರಾ ಎಂಬ ಹುಡುಗನಿಗೆ ಟಿವಿಯ ಪ್ರತಿಭಾ ಸ್ಪರ್ಧೆಯಲ್ಲಿ ಹಾಡಬೇಕೆಂಬ ಆಸೆ, ಅವನ ತಂದೆಗೆ ಗಣಿಯವರನ್ನು ತಡೆಯಬೇಕೆಂಬ ಹಟ. ತಂದೆ ಅಪಘಾತದಲ್ಲಿ ಸಾಯುತ್ತಾನೆ. ಹುಡುಗ ಶಾಲೆಗೆ ಹೋಗುವಂತೆ ನಟಿಸಿ, ಪರವಾನಗಿಯಿಲ್ಲದೆ ಚಿನ್ನ ತೋಡುವವರ ಗುಂಡಿಗಿಳಿಯುತ್ತಾನೆ. ಮಂಗೋಲಿಯಾದಲ್ಲಿ ಅಂಥವರನ್ನು ‘ನಿಂಜಾ’ ಎನ್ನುತ್ತಾರೆ, ಬೆನ್ನಿಗೆ ಕಟ್ಟಿದ ಹಸಿರು ಬೋಗುಣಿ ಕಾರ್ಟೂನಿನ ‘ನಿಂಜಾ’ ಆಮೆಗಳ ಚಿಪ್ಪಿನಂತೆ ಕಾಣುತ್ತದೆಂಬ ಕಾರಣಕ್ಕೆ. ಒಂಟೆಯ ಮುಂದೆ ಕಾದು ಕೂತ ನಿರ್ದೇಶಕಿಯೇ ಹದಿನೇಳು ವರ್ಷಗಳ ಬಳಿಕ ಈ ಗುಂಡಿಯ ಬಾಯಿಗೂ ಬಂದು ಕೂತಿದ್ದಾರೆ. ತನ್ನ ಜನರ ಹಿಂದೆ ಇಷ್ಟು ದೂರ ನಡೆದವರನ್ನು ಕನಸುಗಾರರು, ಪ್ರವಾಸಿಗಳು ಎಂದು ಕರೆಯುವುದು ಅನ್ಯಾಯ.

ಗಡಿಯಾಚೆ ಚೀನಾಕ್ಕೆ ಸೇರಿದ ಒಳಮಂಗೋಲಿಯಾದ ಚಿತ್ರಗಳಲ್ಲೂ ಇದೇ ಗುಣವಿದೆ. 1991ರಲ್ಲಿ ವೆನಿಸ್ ಚಿತ್ರೋತ್ಸವದ ಚಿನ್ನದ ಸಿಂಹ ಪ್ರಶಸ್ತಿ ಪಡೆದ, ರಷ್ಯಾದ ನಿರ್ದೇಶಕ ನಿಕಿತಾ ಮಿಖಾಲ್ಕೋವ್ ಅವರ ‘ಉರ್ಗಾ’ದಲ್ಲಿ ಗೊಂಬೊ ಎಂಬ ದನಗಾಹಿ ಸಂತಾನ ನಿಯಂತ್ರಣದ ಸಾಧನ ತರಲು ಪಟ್ಟಣಕ್ಕೆ ಹೋಗಿ ಟಿವಿ ಹೇರಿಕೊಂಡು ಬರುತ್ತಾನೆ. 2007ರಲ್ಲಿ ಬರ್ಲಿನ್ ಚಿತ್ರೋತ್ಸವದ ಚಿನ್ನದ ಕರಡಿ ಪ್ರಶಸ್ತಿ ಪಡೆದ ‘ತುಯಾಸ್ ಮ್ಯಾರೇಜ್’ನಲ್ಲಿ ಬಾವಿ ತೋಡಲು ಹೋಗಿ ಅಂಗವಿಕಲನಾದ ಗಂಡನನ್ನೂ ಸಾಕುವ ಎರಡನೆಯ ಗಂಡನನ್ನು ತುಯಾ ಹುಡುಕುತ್ತಾಳೆ. ನೀರು ಎಷ್ಟು ದೂರದಲ್ಲಿದೆ ಎಂಬುದೇ ಆ ಕಥೆಯ ಬೆನ್ನೆಲುಬು. ನೀರು ಹೊತ್ತ ಒಂಟೆಯ ಪಕ್ಕದಲ್ಲಿ ಅವಳು ನಡೆಯುವುದನ್ನು ನೋಡಿದ ಮೇಲೆ ಆ ಸೀಮೆಯ ಹೆಂಗಸರ ಬಗ್ಗೆ ನನಗೆ ಯಾರೂ ಬೇರೆ ವಿವರಣೆ ಕೊಡಬೇಕಾಗಲಿಲ್ಲ.

ಈ ಚಿತ್ರಗಳಿಗೆ ಹಣ ಎಲ್ಲಿಂದ ಬಂತು, ಯಾವ ದೇಶದವರು ನೋಡಿದರು ಎಂದು ಕೆಲವರು ಲೆಕ್ಕ ಕೇಳುತ್ತಾರೆ. ಹಣ ಜರ್ಮನಿಯದಾದರೂ ಒಂಟೆ ಗೋಬಿಯದೇ, ಹಾಡು ಗೋಬಿಯದೇ, ಹಾಡಿದವಳೂ ಅಲ್ಲಿಯವಳೇ. ಬಡ ದೇಶದ ಚಿತ್ರಕ್ಕೆ ಹೊರಗಿನ ನೆರವು ಬೇಡವೆಂದರೆ ಆ ಚಿತ್ರವೇ ಹುಟ್ಟುತ್ತಿರಲಿಲ್ಲ, ಅಷ್ಟೆ. ಈ ತಕರಾರಿಗೆ ಇದಕ್ಕಿಂತ ಹೆಚ್ಚಿನ ಜಾಗ ಕೊಡಲು ನನಗೆ ಮನಸ್ಸಿಲ್ಲ.

ಒಂಟೆಯ ಚಿತ್ರದ ಆರಂಭದಲ್ಲಿ ಮುದುಕನೊಬ್ಬ ಒಂದು ಕಥೆ ಹೇಳುತ್ತಾನೆ. ಹಿಂದೆ ಒಂಟೆಗೆ ಚೆಂದದ ಕೊಂಬುಗಳಿದ್ದವಂತೆ. ಜಿಂಕೆ ಬಂದು ಹಬ್ಬಕ್ಕೆಂದು ಎರವಲು ಕೇಳಿತಂತೆ, ಒಂಟೆ ಕೊಟ್ಟಿತಂತೆ, ಜಿಂಕೆ ಹಿಂದಿರುಗಲಿಲ್ಲವಂತೆ. ಅಂದಿನಿಂದ ಒಂಟೆ ಮೇಯುವುದನ್ನು ನಿಲ್ಲಿಸಿ ಆಗಾಗ ದಿಗಂತದ ಕಡೆ ನೋಡುತ್ತ ನಿಲ್ಲುತ್ತದೆ. ನಮ್ಮ ಅಜ್ಜಿಯೂ ಕುರಿಗಳ ಬಗ್ಗೆ ಇಂಥ ಕಥೆಗಳನ್ನು ಹೇಳುತ್ತಿದ್ದಳು. ಅವುಗಳಲ್ಲಿ ನನಗೆ ಪೂರ್ತಿಯಾಗಿ ನೆನಪಿರುವುದು ಒಂದೂ ಇಲ್ಲ.

ವಿರೋಧ: ಬೇಲಿಯ ಹೊರಗೆ ಉಳಿದದ್ದು

ವಿರೋಧದ ಪಕ್ಷವನ್ನು ಬರೆಯಬೇಕೆಂದು ನನ್ನನ್ನು ಕೇಳಲಾಯಿತು, ಒಪ್ಪಿಕೊಂಡೆ. ಚಲನಚಿತ್ರದ ಇತಿಹಾಸವನ್ನು ಪಾಠ ಮಾಡುತ್ತ ಬಂದವನಾದ್ದರಿಂದ ಈ ಚಿತ್ರಗಳ ಕುಶಲತೆಯನ್ನು ನಾನು ಬಲ್ಲೆ. ಎರಡು ಮೂರನ್ನು ತರಗತಿಯಲ್ಲಿ ತೋರಿಸಿಯೂ ಇದ್ದೇನೆ. ಆದ್ದರಿಂದ ಈ ಚಿತ್ರಗಳೆಲ್ಲ ಸುಳ್ಳು ಎಂದು ನಾನು ವಾದಿಸುವುದಿಲ್ಲ. ಅವು ಏನನ್ನು ಬಿಟ್ಟಿವೆ ಎಂಬುದನ್ನು ಮಾತ್ರ ಹೇಳುತ್ತೇನೆ. ಒಂಟೆಯ ಕಣ್ಣೀರು ಕಂಡು ನಮ್ಮ ಕಣ್ಣೂ ಒದ್ದೆಯಾಯಿತು, ಆದ್ದರಿಂದ ಚಿತ್ರ ಸತ್ಯ ಎಂಬ ವಾದ ನನಗೆ ಸಾಲದು. ಸಗಣಿ ಆರಿಸುವುದನ್ನು ತೋರಿಸಿದ ಮಾತ್ರಕ್ಕೆ ಒಂದು ದೇಶದ ಬದುಕನ್ನು ತೋರಿಸಿದಂತಾಗುವುದಿಲ್ಲ.

ಮೊದಲನೆಯದಾಗಿ, ಬಿಡುವಿಲ್ಲದ ಪುರಾತನ ಪರಂಪರೆಯೊಂದು ಇದೀಗ ಮೊದಲ ಬಾರಿಗೆ ಟಿವಿಯನ್ನು ಎದುರುಗೊಳ್ಳುತ್ತಿದೆ ಎಂಬ ಭಾವನೆಯನ್ನು ಈ ಚಿತ್ರಗಳು ಹುಟ್ಟಿಸುತ್ತವೆ. ಇತಿಹಾಸ ಹಾಗಿಲ್ಲ. 1950ರ ದಶಕ ಮುಗಿಯುವ ಹೊತ್ತಿಗೆ ಮಂಗೋಲಿಯಾದ ಹೆಚ್ಚುಕಡಿಮೆ ಎಲ್ಲ ದನಗಾಹಿಗಳೂ ‘ನೆಗ್ದೆಲ್’ ಎಂಬ ಸಹಕಾರಿ ಸಂಘಗಳ ಸದಸ್ಯರಾಗಿದ್ದರು. ಜಾನುವಾರು ಬಹುಪಾಲು ಸಂಘದವು, ಮನೆಯವರಿಗೆ ಮಿತಿಯೊಳಗೆ ಕೆಲವು ಮಾತ್ರ ಸ್ವಂತ. ಸಂಘ ಸಂಬಳ ಕೊಡುತ್ತಿತ್ತು, ಪಿಂಚಣಿ ಕೊಡುತ್ತಿತ್ತು, ಪಶುವೈದ್ಯರನ್ನು ಕಳಿಸುತ್ತಿತ್ತು, ಚಳಿಗಾಲಕ್ಕೆ ಮೇವು ಸಂಗ್ರಹಿಸುತ್ತಿತ್ತು, ಗೆರ್ ಸಾಗಿಸಲು ಲಾರಿ ಕೊಡುತ್ತಿತ್ತು. ಮಕ್ಕಳು ವಸತಿಶಾಲೆಯಲ್ಲಿ ಓದುತ್ತಿದ್ದರು. ಏಕಪಕ್ಷದ ಕಮ್ಯುನಿಸ್ಟ್ ಆಡಳಿತವನ್ನು ಕೊನೆಗೊಳಿಸಿದ 1990ರ ಪ್ರಜಾಪ್ರಭುತ್ವ ಚಳವಳಿಯ ಬಳಿಕ ಸಂಘಗಳು ಒಡೆದುಹೋದವು, ಜಾನುವಾರು ಹಂಚಿಕೆಯಾದವು. ಕಾರ್ಖಾನೆಗಳು, ಕಚೇರಿಗಳು ಮುಚ್ಚಿ ಕೆಲಸ ಕಳೆದುಕೊಂಡವರು ತಮ್ಮ ಪಾಲಿನ ಕುರಿ, ಆಡು ಹಿಡಿದು ಬಯಲಿಗೆ ಬಂದರು. ಆ ಒಂದು ದಶಕದಲ್ಲಿ ದನಗಾಹಿ ಕುಟುಂಬಗಳ ಸಂಖ್ಯೆ ದುಪ್ಪಟ್ಟಿಗಿಂತ ಹೆಚ್ಚಾಯಿತು. ಅಂದರೆ 2000ದ ಸುಮಾರಿಗೆ ಬಯಲಲ್ಲಿದ್ದವರಲ್ಲಿ ಎಷ್ಟೋ ಮಂದಿ ಹೊಸಬರು: ನಿನ್ನೆಯ ಲಾರಿ ಚಾಲಕರು, ಮೇಷ್ಟರು, ಗುಮಾಸ್ತರು. ಚಿತ್ರೋತ್ಸವಗಳಲ್ಲಿ ಪ್ರಶಸ್ತಿ ಪಡೆದ ಚಿತ್ರಗಳಲ್ಲಿ ಇವರನ್ನು ಹುಡುಕಿದರೆ ಸಿಗುವುದು ಕಷ್ಟ. ಅಜ್ಜ, ಅಜ್ಜಿ, ಮಕ್ಕಳು, ಒಲೆ ಇರುವ ಒಂಟಿ ಗೆರ್ ಮಾತ್ರ ಚೌಕಟ್ಟಿನಲ್ಲಿ ಉಳಿಯುತ್ತದೆ.

ಎರಡನೆಯದು, ‘ಝುದ್’. ಬೇಸಗೆಯ ಬರದಲ್ಲಿ ಸೊರಗಿದ ಜಾನುವಾರುಗಳ ಮೇಲೆ ಕಡುಚಳಿ ಎರಗುವುದನ್ನು, ಹಿಮ ಆಳವಾಗಿ ಬಿದ್ದೋ ಗಡ್ಡೆಗಟ್ಟಿಯೋ ಹುಲ್ಲು ಬಾಯಿಗೆ ಎಟುಕದಂತಾಗುವುದನ್ನು ಅಲ್ಲಿಯವರು ಹಾಗೆ ಕರೆಯುತ್ತಾರೆ. 1999ರಿಂದ 2002ರವರೆಗಿನ ಮೂರು ಚಳಿಗಾಲಗಳಲ್ಲಿ 1 ಕೋಟಿಗೂ ಹೆಚ್ಚು ಜಾನುವಾರುಗಳು ಸತ್ತವು. 2009–10ರ ಒಂದೇ ಚಳಿಗಾಲದಲ್ಲಿ ಮತ್ತೆ ಸುಮಾರು 1 ಕೋಟಿ ಸತ್ತವು. ದೇಶದ ಒಟ್ಟು ಜಾನುವಾರಿನಲ್ಲಿ ಅದು ಐದನೆಯ ಒಂದು ಭಾಗದಷ್ಟು. 2023–24ರಲ್ಲಿ 70 ಲಕ್ಷಕ್ಕೂ ಹೆಚ್ಚು. ಮೊದಲ ಆ ಮೂರು ಚಳಿಗಾಲಗಳ ಬೆನ್ನಿಗೇ ತೆರೆಗೆ ಬಂದ ಒಂಟೆಯ ಚಿತ್ರದಲ್ಲಿ ಒಂದು ಮರಿಯನ್ನು ಉಳಿಸಲು ಹಾಡುತ್ತಾರೆ. ಕೋಟಿ ಸಾವು ಆ ಕಥೆಯ ಕೇಂದ್ರಕ್ಕೆ ಬರುವುದಿಲ್ಲ. ಅದರ ಜೊತೆಗೆ ಆಡಿನ ಕಥೆಯೂ ಇದೆ. 1990ರಲ್ಲಿ ಸುಮಾರು 50 ಲಕ್ಷವಿದ್ದ ಆಡುಗಳು 2018ರ ಹೊತ್ತಿಗೆ ಎರಡೂವರೆ ಕೋಟಿ ಮೀರಿದವು. ಆಡಿನ ಮೈಯ ನವಿರಾದ ಒಳತುಪ್ಪಳಕ್ಕೆ, ಅಂದರೆ ಕ್ಯಾಶ್ಮೀರ್ ಉಣ್ಣೆಗೆ, ಹೊರದೇಶದಲ್ಲಿ ಬೆಲೆಯಿದೆ. ವಸಂತದಲ್ಲಿ ಆಡಿನ ಮೈ ಬಾಚಿ ಬಂದ ಉಣ್ಣೆಯ ಹಣದಿಂದಲೇ ಮಕ್ಕಳ ಕಾಲೇಜು ಶುಲ್ಕ, ಬ್ಯಾಂಕಿನ ಸಾಲ, ಮೋಟಾರ್‌ಸೈಕಲ್ಲಿನ ಕಂತು ತೀರಬೇಕು. ಬೆಲೆ ಬಿದ್ದರೆ ಇನ್ನೂ ಹೆಚ್ಚು ಆಡು ಸಾಕಬೇಕು, ಆಡು ಹೆಚ್ಚಾದರೆ ಹುಲ್ಲು ಬೇರುಸಮೇತ ಹೋಗುತ್ತದೆ, ಹುಲ್ಲು ಹೋದರೆ ಮುಂದಿನ ಝುದ್ ಇನ್ನಷ್ಟು ಕೊಲ್ಲುತ್ತದೆ. ದನಗಾಹಿ ಸಂಸಾರದ ಗಟ್ಟಿ ಲೆಕ್ಕ ಇದು. ಇದನ್ನು ಚಿತ್ರವಾಗಿಸುವುದು ಕಷ್ಟವೆಂಬುದನ್ನು ಒಪ್ಪುತ್ತೇನೆ, ಆದರೆ ಕಷ್ಟವೆಂಬ ಕಾರಣಕ್ಕೆ ಬಿಟ್ಟದ್ದನ್ನು ತೋರಿಸಿದಂತೆ ಎಣಿಸಲಾಗದು.

ಮೂರನೆಯದು ನೋಡುವವರ ಪ್ರಶ್ನೆ. 1928ರಲ್ಲಿ ಸೋವಿಯತ್ ನಿರ್ದೇಶಕ ಪುಡೋವ್ಕಿನ್ ‘ಸ್ಟಾರ್ಮ್ ಓವರ್ ಏಷ್ಯಾ’ ಮಾಡಿದಾಗ, ನರಿಯ ತುಪ್ಪಳ ಮಾರಲು ಬಂದು ಮೋಸಹೋಗುವ ಮಂಗೋಲ ಯುವಕ ಅವರ ಕ್ರಾಂತಿಯ ಸಂದೇಶಕ್ಕೆ ಬೇಕಾಗಿದ್ದ. 2016ರ ‘ದ ಈಗಲ್ ಹಂಟ್ರೆಸ್’ ಚಿತ್ರಕ್ಕೆ ಮಂಗೋಲಿಯಾದ ಬಯನ್-ಉಲ್ಗೀ ಪ್ರಾಂತ್ಯದಲ್ಲಿ ಹದ್ದು ಪಳಗಿಸಿ ಬೇಟೆಯಾಡುವ ಕಜಾಖ್ ಹುಡುಗಿಯೊಬ್ಬಳು ಗಂಡಸರ ವಿರೋಧವನ್ನು ಗೆಲ್ಲುವ ಕಥೆ ಬೇಕಾಗಿತ್ತು. ಹದ್ದು ಪಳಗಿಸಿದ ಹೆಂಗಸರು ಹಿಂದೆಯೂ ಇದ್ದರೆಂದು ಇತಿಹಾಸಕಾರರು ಆಕ್ಷೇಪಿಸಬೇಕಾಯಿತು. ಹುಡುಗಿಯ ಧೈರ್ಯ ನಿಜ, ಅವಳ ಹದ್ದೂ ನಿಜ. ಅವಳ ಸುತ್ತ ಹೆಣೆದ ಕಥೆ ನೋಡುವವರ ಊರಿನದು. ಇದೇ ಹೊತ್ತಿಗೆ ಮಂಗೋಲರು ತಮಗಾಗಿ ತಾವೇ ಮಾಡಿಕೊಂಡ ಚಿತ್ರಗಳು ಹೊರಗಿನವರ ಕಣ್ಣಿಗೆ ಬೀಳಲೇ ಇಲ್ಲ. 1935ರಲ್ಲಿ ಅಲ್ಲಿ ಸರ್ಕಾರಿ ಸ್ಟುಡಿಯೊ ಆರಂಭವಾಯಿತು. ಲೊದೊಯ್‌ದಂಬಾ ಅವರ ಕಾದಂಬರಿಯನ್ನು ಆಧರಿಸಿ 1970ರ ದಶಕದ ಆರಂಭದಲ್ಲಿ ಬಂದ ‘ತುಂಗಲಗ್ ತಮಿರ್’ ಚಿತ್ರವನ್ನು ಅಲ್ಲಿಯವರು ತಲೆಮಾರುಗಳಿಂದ ನೋಡುತ್ತ ಬಂದಿದ್ದಾರೆ. ನಮ್ಮ ಚಿತ್ರೋತ್ಸವಗಳ ಪಟ್ಟಿಗಳಲ್ಲಿ ನಾನು ಅದನ್ನು ಒಮ್ಮೆಯೂ ಕಂಡಿಲ್ಲ.

ಇಲ್ಲಿ ಒಂದು ಭೇಟಿಯನ್ನು ಹೇಳಬೇಕು. ಉತ್ತರ ಕನ್ನಡದ ಮುಂಡಗೋಡಿನಲ್ಲಿರುವ ಟಿಬೆಟನ್ನರ ಡ್ರೆಪುಂಗ್ ಮಠದ ಗೋಮಾಂಗ್ ವಿದ್ಯಾಲಯಕ್ಕೆ ಮಂಗೋಲಿಯಾದಿಂದ ಭಿಕ್ಷುಗಳು ಓದಲು ಬರುತ್ತಾರೆ. ಆ ಸಂಬಂಧ ಮಠ ಟಿಬೆಟ್ಟಿನಲ್ಲಿದ್ದ ಕಾಲದಿಂದ ನಡೆದುಬಂದದ್ದು. ಕೆಲವು ವರ್ಷಗಳ ಹಿಂದೆ ಅಲ್ಲಿಗೆ ಹೋದಾಗ ಒಬ್ಬ ತರುಣ ಭಿಕ್ಷುವಿನ ಪರಿಚಯವಾಯಿತು. ಚಹಾ ಅಂಗಡಿಯೊಂದರಲ್ಲಿ ಕೂತು ನನ್ನ ಫೋನಿನಲ್ಲಿದ್ದ ಹಳದಿ ನಾಯಿಯ ಚಿತ್ರದ ಕೊನೆಯ ಭಾಗವನ್ನು ಅವರಿಗೆ ತೋರಿಸಿದೆ. ಗೆರ್ ಬಿಚ್ಚುವುದನ್ನು ಅವರು ಬಹಳ ಗಮನವಿಟ್ಟು ನೋಡಿದರು. ನೋಡಿ ಮುಗಿಸಿದ ಮೇಲೆ, ಈ ಮನೆಯವರಿಗೆ ಎಷ್ಟು ಕುರಿ ಇದ್ದವು ಎಂದು ಕೇಳಿದರು. ನನಗೆ ಗೊತ್ತಿರಲಿಲ್ಲ, ಆ ಪ್ರಶ್ನೆ ನನಗೆ ಅದುವರೆಗೆ ಹೊಳೆದೂ ಇರಲಿಲ್ಲ. ತಮ್ಮ ತಂದೆಗೆ 2009ರ ಶರತ್ಕಾಲದಲ್ಲಿ ಮುನ್ನೂರಕ್ಕೂ ಹೆಚ್ಚು ಇದ್ದವು, ಮರುವರ್ಷದ ವಸಂತದಲ್ಲಿ ಇಪ್ಪತ್ತಾರು ಉಳಿದವು ಎಂದರು. ಸತ್ತವುಗಳನ್ನು ಗೆರ್‌ನ ಗಾಳಿ ಬೀಸುವ ಕಡೆಗೆ ಗೋಡೆಯಂತೆ ಒಟ್ಟಿದ್ದರಂತೆ. ಆ ಬೇಸಗೆಯಲ್ಲಿ ಅವರೂ ಗೆರ್ ಬಿಚ್ಚಿದರು, ಹೀಗೆಯೇ, ಇದೇ ಕ್ರಮದಲ್ಲಿ. ಆದರೆ ಅದನ್ನು ಮತ್ತೆ ಕಟ್ಟಿದ್ದು ಉಲಾನ್‌ಬಾತರ್‌ನ ಉತ್ತರದ ಗುಡ್ಡದ ಇಳಿಜಾರಿನಲ್ಲಿ, ಹಲಗೆಬೇಲಿಯ ಒಳಗೆ. ತಂದೆ ಕಾವಲುಗಾರನ ಕೆಲಸಕ್ಕೆ ಸೇರಿದರು, ನೀರನ್ನು ತಳ್ಳುಗಾಡಿಯಲ್ಲಿ ತರಬೇಕಾಗಿತ್ತು, ಕಲ್ಲಿದ್ದಲ ಹೊಗೆಗೆ ಚಿಕ್ಕ ತಂಗಿಗೆ ಪ್ರತಿ ಚಳಿಗಾಲವೂ ಕೆಮ್ಮು. ಮಾತಿನ ನಡುವೆ ಅವರು ಫೋನನ್ನು ನನ್ನ ಕಡೆ ತಿರುಗಿಸಿ, ಆ ಬಂಡಿಗಳು ಹೋಗುತ್ತಿರುವ ದಿಕ್ಕಿನ ಮೇಲೆ ಬೆರಳಿಟ್ಟು, ಇವರು ಆಮೇಲೆ ಎಲ್ಲಿಗೆ ಹೋದರೆಂಬುದನ್ನು ಯಾಕೆ ತೋರಿಸಲಿಲ್ಲ ಎಂದು ಕೇಳಿದರು.

ಮಂಗೋಲಿಯಾದ ಸುಮಾರು 35 ಲಕ್ಷ ಜನರಲ್ಲಿ ಅರ್ಧದಷ್ಟು ಮಂದಿ ಈಗ ಉಲಾನ್‌ಬಾತರ್ ಒಂದರಲ್ಲೇ ಇದ್ದಾರೆ, ಆ ನಗರದ ಅರ್ಧಕ್ಕಿಂತ ಹೆಚ್ಚು ಜನ ಗೆರ್ ಬಡಾವಣೆಗಳಲ್ಲಿದ್ದಾರೆ. ಅಲೆಮಾರಿ ಬದುಕಿನ ಬದಲಾವಣೆಯನ್ನು ತೋರಿಸುತ್ತೇನೆ ಎನ್ನುವ ಚಿತ್ರ ಆ ಗುಡ್ಡ ಹತ್ತಬೇಕು.

ಪ್ರಾಮಾಣಿಕವಾಗಿ ಹೇಳಬೇಕಾದರೆ, ಒಂದು ಚಿತ್ರ ಹತ್ತಿದೆ. ಜೊಲ್‌ಜರ್ಗಲ್ ಪುರೆವ್‌ದಾಶ್ ನಿರ್ದೇಶಿಸಿದ ‘ಇಫ್ ಓನ್ಲಿ ಐ ಕುಡ್ ಹೈಬರ್ನೇಟ್’ 2023ರಲ್ಲಿ ಕಾನ್ ಚಿತ್ರೋತ್ಸವದ ಅಧಿಕೃತ ಆಯ್ಕೆಯಲ್ಲಿ ಸ್ಥಾನ ಪಡೆದ ಮೊದಲ ಮಂಗೋಲಿಯನ್ ಚಿತ್ರ. ಗೆರ್ ಬಡಾವಣೆಯ ಉಲ್ಜೀ ಎಂಬ ಹುಡುಗ ಭೌತಶಾಸ್ತ್ರದಲ್ಲಿ ಜಾಣ. ಸ್ಪರ್ಧೆ ಗೆದ್ದರೆ ವಿದ್ಯಾರ್ಥಿವೇತನ ಸಿಗುತ್ತದೆ. ತಂದೆಯಿಲ್ಲ. ಓದುಬರಹ ಬಾರದ ತಾಯಿ ನಗರದಲ್ಲಿ ಕೆಲಸ ಸಿಗದೆ ಹಳ್ಳಿಗೆ ಮರಳುತ್ತಾಳೆ, ಮಕ್ಕಳು ಚಳಿಗಾಲದ ನಡುವೆ ಕಲ್ಲಿದ್ದಲಿಲ್ಲದ ಗೆರ್‌ನಲ್ಲಿ ಉಳಿಯುತ್ತಾರೆ, ಹುಡುಗ ಒಲೆ ಉರಿಸಲು ಕದ್ದು ಮರ ಕಡಿಯಲು ಹೋಗುತ್ತಾನೆ. ಇದರಲ್ಲಿ ಒಂಟೆಯಿಲ್ಲ, ಹದ್ದಿಲ್ಲ. ಗೆರ್ ಇದೆ, ಒಲೆ ಇದೆ, ಹೊಗೆ ಇದೆ, ಹಿಂದಿರುಗಬೇಕೋ ಉಳಿಯಬೇಕೋ ಎಂಬ ತಾಯಿಮಗನ ಜಗಳವಿದೆ. ಈ ಚಿತ್ರದ ಮುಂದೆ ನನ್ನ ವಾದಕ್ಕೆ ಬಲ ಉಳಿಯುವುದಿಲ್ಲ ಎಂದು ಒಪ್ಪುತ್ತೇನೆ. ಆದರೆ ಪುಡೋವ್ಕಿನ್‌ರ ಆ ತುಪ್ಪಳ ಮಾರುವ ಯುವಕನಿಂದ ಈ ಹುಡುಗನ ತನಕ ಬರಲು, ಹೊರಗೆ ಕೂತು ನೋಡುವ ನಮ್ಮಂಥವರಿಗೆ, 95 ವರ್ಷಗಳು ಹಿಡಿದವು.